ಹೆಬ್ಬೆರಳಿನ ಹಗ್ಗ ಸವೆಯುತ್ತಿದೆ

ಮಧ್ಯಾಹ್ನ ಮೂರರ ಬಿಸಿಲು ಸ್ವಲ್ಪ ಇಳಿದ ಮೇಲೆ ಕೊಪ್ಪಳ ಜಿಲ್ಲೆಯ ಕುಷ್ಟಗಿ, ಯಲಬುರ್ಗಾ ಸೀಮೆಯ ಹತ್ತಿಬೀಜದ ಪ್ಲಾಟುಗಳಲ್ಲಿ ಹೆಣ್ಣುಮಕ್ಕಳು ಸಾಲು ಹಿಡಿಯುತ್ತಾರೆ. ನಾಳೆ ಅರಳಲಿರುವ ಮೊಗ್ಗನ್ನು ಎಡಗೈಯಲ್ಲಿ ಹಿಡಿದು, ಬಲಗೈ ಹೆಬ್ಬೆರಳಿನ ಉಗುರನ್ನು ಅದರ ಬುಡಕ್ಕೆ ಊರುತ್ತಾರೆ. ಸುತ್ತಲೂ ಸೀಳಿ, ತಿರುವಿ ಎಳೆದರೆ ಎಸಳುಗಳ ಜತೆಗೆ ಕೇಸರಗಳ ಕೊಳವೆಯೂ ಕಳಚಿ ಬರುತ್ತದೆ. ಮರುದಿನ ಬೆಳಿಗ್ಗೆ ಗಂಡು ಹೂವಿನ ಪರಾಗವನ್ನು ಅಲ್ಲಿಗೆ ಮುಟ್ಟಿಸುತ್ತಾರೆ. ಊರ ಮಾತಿನಲ್ಲಿ ಇದು ‘ಕ್ರಾಸಿಂಗ್’ ಕೆಲಸ. ಮೊಗ್ಗಿನಲ್ಲಿ ಕೇಸರ ಉಳಿದುಬಿಟ್ಟರೆ ಬೀಜದ ಶುದ್ಧತೆ ಕೆಡುತ್ತದೆ, ಪರೀಕ್ಷೆಯಲ್ಲಿ ಇಡೀ ಮಾಲು ಬಿದ್ದುಹೋಗಬಹುದು. ಹಾಗಾಗಿ ಯಾವ ಮೊಗ್ಗಿನ ಮೇಲೂ ಕೈ ಸಡಿಲ ಬಿಡುವಂತಿಲ್ಲ.

ಈ ಕೈಚಳಕವನ್ನು 1934ರಲ್ಲಿ ಡೋಕ್ ಎಂಬ ವಿಜ್ಞಾನಿ ಪ್ರಬಂಧವೊಂದರಲ್ಲಿ ವಿವರಿಸಿದ. ಕೃಷಿ ಪಠ್ಯಗಳಲ್ಲಿ ಅದಕ್ಕೆ ‘ಹೆಬ್ಬೆರಳುಗುರಿನ ವಿಧಾನ’ ಎಂಬ ಹೆಸರೇ ನಿಂತಿದೆ. 1972ರಲ್ಲಿ ಧಾರವಾಡದಲ್ಲಿ ಡಾ. ಬಿ.ಎಚ್. ಕಟರಕಿ ಅವರು ಎರಡು ಬೇರೆ ಪ್ರಭೇದಗಳನ್ನು ಕೂಡಿಸಿ ‘ವರಲಕ್ಷ್ಮಿ’ ಹತ್ತಿಯನ್ನು ಹೊರತಂದರು. ಆಮೇಲೆ ಉತ್ತರ ಕರ್ನಾಟಕದಲ್ಲಿ ಸಂಕರಣ ಬೀಜದ ಉದ್ಯಮ ಬೇರೂರಿತು. ಹತ್ತಿಯ ಬೆನ್ನಿಗೆ ಟೊಮೆಟೊ, ಮೆಣಸಿನಕಾಯಿ, ಬೆಂಡೆ, ಬದನೆ, ಕಲ್ಲಂಗಡಿಗಳ ಬೀಜೋತ್ಪಾದನೆಯೂ ಬಂತು. ಮಳೆ ನೆಚ್ಚಿದ ಒಣಭೂಮಿಯ ರೈತನಿಗೆ ಇದರಿಂದ ನಾಲ್ಕು ಕಾಸು ಸಿಕ್ಕಿದ್ದು ನಿಜ. ಆ ಕಾಸಿನ ಹಿಂದೆ ಇರುವ ಮುಖ್ಯ ಯಂತ್ರ ಮಾತ್ರ ಹೆಂಗಸಿನ ಹೆಬ್ಬೆರಳು. ಯಂತ್ರಕ್ಕಾದರೆ ಎಣ್ಣೆ ಹಾಕುತ್ತೇವೆ, ಬಿಸಿಯಾದರೆ ನಿಲ್ಲಿಸುತ್ತೇವೆ. ಹೆಬ್ಬೆರಳಿಗೆ ಆ ಭಾಗ್ಯವೂ ಇಲ್ಲ.

ಒಂದು ಸರಳ ಲೆಕ್ಕ ಮಾಡೋಣ. ಒಂದು ಮೊಗ್ಗಿಗೆ ಹತ್ತು ಸೆಕೆಂಡು ಎಂದು ಇಟ್ಟುಕೊಂಡರೂ ಮೂರು ತಾಸಿಗೆ 1,080 ಮೊಗ್ಗು. ಹಂಗಾಮು ಎಪ್ಪತ್ತು ದಿನ ನಡೆದರೆ ಒಂದೇ ಹೆಬ್ಬೆರಳು ಎಪ್ಪತ್ತೈದು ಸಾವಿರಕ್ಕೂ ಹೆಚ್ಚು ಸಲ ಊರಿ, ಒತ್ತಿ, ತಿರುವುತ್ತದೆ. ಹೊಲಕ್ಕೆ ಬರುವ ಮುಂಚೆ ಅದೇ ಕೈ ನೀರು ಹೊತ್ತಿದೆ, ರೊಟ್ಟಿ ಬಡಿದಿದೆ, ಬಟ್ಟೆ ಹಿಂಡಿದೆ. ಈ ಕೈಗಳಿಗೆ ಏನಾಗುತ್ತಿದೆ, ಮುಂದೆ ಏನಾಗಲಿದೆ ಎಂದು ವಿಜ್ಞಾನ ಸಾಕಷ್ಟು ಸ್ಪಷ್ಟವಾಗಿಯೇ ಹೇಳಿದೆ. ಅದನ್ನು ಕಿವಿಗೆ ಹಾಕಿಕೊಳ್ಳುವ ಹೊತ್ತು ಇದು.

ನರವಲ್ಲ, ಹಗ್ಗ

ಕೈ ನೋಯುವವರನ್ನು ಏನಾಯಿತೆಂದು ಕೇಳಿದರೆ ‘ನರ ಹಿಡಿದೈತ್ರಿ’ ಎನ್ನುತ್ತಾರೆ. ಚರ್ಮದಡಿ ಬಿಗಿದು ಕಾಣುವ ಎಲ್ಲಕ್ಕೂ ನಮ್ಮ ಕಡೆ ನರ ಎಂದೇ ಹೆಸರು. ಆ ಹೆಸರು ಔಷಧಿಯನ್ನೂ ದಾರಿ ತಪ್ಪಿಸುತ್ತದೆ. ಅಂಗಡಿಯಲ್ಲಿ ‘ನರದ ಗುಳಿಗೆ’ ಕೇಳಿ ವಿಟಮಿನ್ ನುಂಗುತ್ತಾರೆ, ತಿಂಗಳು ಕಳೆಯುತ್ತದೆ, ನೋವು ಇದ್ದಲ್ಲೇ ಇರುತ್ತದೆ.

ಇಲ್ಲಿ ನೋಯುತ್ತಿರುವುದು ನರವಲ್ಲ, ಸ್ನಾಯುರಜ್ಜು. ಮುಂಗೈಯ ಮಾಂಸಖಂಡದ ಎಳೆತವನ್ನು ಬೆರಳಿನ ಮೂಳೆಗೆ ಮುಟ್ಟಿಸುವ ಬಿಳಿಯ ಹಗ್ಗ ಅದು. ಮಣಿಕಟ್ಟಿನ ಹಿಂಬದಿಯಲ್ಲಿ ಇಂಥ ಹಗ್ಗಗಳು ಹಾಯಲು ಆರು ಸುರಂಗಗಳಿವೆ. ಹೆಬ್ಬೆರಳಿನ ಬದಿಯ ಮೊದಲನೆಯ ಸುರಂಗದಲ್ಲಿ ಎರಡು ಹಗ್ಗ: ಒಂದು ಹೆಬ್ಬೆರಳನ್ನು ಹೊರಕ್ಕೆ ಅಗಲಿಸುತ್ತದೆ, ಇನ್ನೊಂದು ಅದನ್ನು ನೆಟ್ಟಗೆ ಮಾಡುತ್ತದೆ. ಲಂಗದ ಲಾಡಿಯನ್ನು ನೆನೆಯಿರಿ. ಹೊಲಿದ ಮಡಿಕೆಯೊಳಗೆ ಲಾಡಿ ಸಲೀಸಾಗಿ ಓಡಾಡಬೇಕು. ಮಡಿಕೆಯ ಬಟ್ಟೆ ಸುಕ್ಕಾಗಿ ದಪ್ಪವಾದರೆ ಲಾಡಿ ಸಿಕ್ಕಿಕೊಳ್ಳುತ್ತದೆ, ಎಳೆದಷ್ಟೂ ಬಿಗಿಯುತ್ತದೆ. ಮಣಿಕಟ್ಟಿನಲ್ಲೂ ಅದೇ ಆಗುತ್ತದೆ. 1895ರಲ್ಲಿ ಸ್ವಿಟ್ಜರ್ಲೆಂಡಿನ ಶಸ್ತ್ರವೈದ್ಯ ಫ್ರಿಟ್ಜ್ ಡಿ ಕರ್ವೇನ್ ಈ ತೊಂದರೆಯನ್ನು ವಿವರಿಸಿದ್ದರಿಂದ ಅದಕ್ಕೆ ಅವನ ಹೆಸರೇ ಉಳಿದಿದೆ.

ಹೆಬ್ಬೆರಳಿನ ಬುಡದಿಂದ ಮುಂಗೈ ಕಡೆಗೆ ನೋವು ಏರುವುದು, ಮಣಿಕಟ್ಟಿನ ಎಲುಬಿನ ಗುಬ್ಬಿಯ ಮೇಲೆ ಮುಟ್ಟಿದರೆ ಚುರ್ರೆನ್ನುವುದು, ಸಣ್ಣ ಊತ, ತುಂಬಿದ ತಂಬಿಗೆ ಎತ್ತುವಾಗ ಅಥವಾ ಒದ್ದೆ ಬಟ್ಟೆ ಹಿಂಡುವಾಗ ಕೈ ಸೋಲುವುದು ಇದರ ಲಕ್ಷಣಗಳು. ಹೆಬ್ಬೆರಳನ್ನು ಮುಷ್ಟಿಯೊಳಗೆ ಮಡಚಿ, ಮಣಿಕಟ್ಟನ್ನು ಮೆಲ್ಲಗೆ ಕಿರುಬೆರಳಿನ ಕಡೆ ಬಾಗಿಸಿದಾಗ ಆ ಗುಬ್ಬಿಯ ಮೇಲೆ ಕಡುನೋವು ಬಂದರೆ ಈ ರೋಗದ ಶಂಕೆ ಬಲವಾಗುತ್ತದೆ. ಜಗ್ಗಿ ಬಾಗಿಸಬಾರದು, ಹಾಗೆ ಮಾಡಿದರೆ ಆರೋಗ್ಯವಂತ ಕೈಯೂ ನೋಯುತ್ತದೆ.

ಇದನ್ನು ಉರಿಯೂತ ಎಂದೇ ಕರೆಯುವ ವಾಡಿಕೆ. ಆದರೆ 1998ರಲ್ಲಿ ಪ್ರಕಟವಾದ ಒಂದು ಅಧ್ಯಯನ, ಶಸ್ತ್ರಚಿಕಿತ್ಸೆಯಲ್ಲಿ ತೆಗೆದ ಸುರಂಗದ ಪೊರೆಯನ್ನು ಸೂಕ್ಷ್ಮದರ್ಶಕದಡಿ ಇಟ್ಟು ನೋಡಿತು. ರೋಗಿಗಳ ಪೊರೆ ಮಾಮೂಲಿಗಿಂತ ಸುಮಾರು ಐದು ಪಟ್ಟು ದಪ್ಪವಾಗಿತ್ತು. ಉರಿಯೂತದ ಕುರುಹಿಗಿಂತ ಎಳೆಗಳು ಕೊಳೆತು ಲೋಳೆಗಟ್ಟಿದ ಕುರುಹೇ ಹೆಚ್ಚಾಗಿತ್ತು. ಈ ಮಾತಿನಲ್ಲಿ ದೊಡ್ಡ ಎಚ್ಚರಿಕೆಯಿದೆ. ಅಂಗಡಿಯ ನೋವಿನ ಗುಳಿಗೆ ನೋವನ್ನು ಒಂದು ರಾತ್ರಿ ಅಡಗಿಸಬಹುದು, ದಪ್ಪವಾದ ಪೊರೆಯನ್ನು ತೆಳ್ಳಗೆ ಮಾಡಲಾರದು. ನೋವು ಅಡಗಿತೆಂದು ಮರುದಿನ ಮತ್ತೆ ಸಾಲಿಗಿಳಿದ ಹೆಂಗಸು ರೋಗವನ್ನು ಬೆಳೆಸಿಕೊಂಡೇ ಮನೆಗೆ ಬರುತ್ತಾಳೆ.

ಕೆಲಸಕ್ಕೂ ನೋವಿಗೂ ಇರುವ ನಂಟು

ಹೆಂಗಸರ ಕೈನೋವನ್ನು ವಯಸ್ಸಿನ ಮೇಲೋ ವಾತದ ಮೇಲೋ ಹಾಕಿ ಸುಮ್ಮನಾಗುವುದು ಸುಲಭ. ಕೆಲಸದ ಪಾಲೆಷ್ಟು ಎಂದು ಅಳೆದ ಸಂಶೋಧನೆಗಳು ಬೇರೆಯದನ್ನೇ ಹೇಳುತ್ತವೆ. 1987ರಲ್ಲಿ ಅಮೆರಿಕದ ಆರ್ಮ್‌ಸ್ಟ್ರಾಂಗ್ ಮತ್ತು ಸಂಗಡಿಗರು 652 ಕಾರ್ಮಿಕರ ಕೈಗಳನ್ನು ಪರೀಕ್ಷಿಸಿದ ಅಧ್ಯಯನ ಪ್ರಕಟಿಸಿದರು. ಬಲ ಹಾಕಿ, ಮತ್ತೆ ಮತ್ತೆ ಮಾಡುವ ಕೆಲಸದಲ್ಲಿದ್ದವರಿಗೆ ಕೈ ಮತ್ತು ಮಣಿಕಟ್ಟಿನ ರಜ್ಜು ಬೇನೆಯ ಅಪಾಯ, ಹಗುರ ಕೆಲಸದವರಿಗಿಂತ 29 ಪಟ್ಟು ಹೆಚ್ಚಿತ್ತು. ‘ಮತ್ತೆ ಮತ್ತೆ’ ಎಂಬುದಕ್ಕೆ ಅವರು ಇಟ್ಟ ಅಳತೆ, ಮೂವತ್ತು ಸೆಕೆಂಡಿನೊಳಗೆ ಒಂದು ಸುತ್ತು ಮುಗಿಯುವ ಕೆಲಸ. ಹತ್ತಿಮೊಗ್ಗಿನ ಕೆಲಸ ಆ ಅಳತೆಗಿಂತ ಎಷ್ಟೋ ವೇಗದ್ದು.

1997ರಲ್ಲಿ ಅಮೆರಿಕದ ರಾಷ್ಟ್ರೀಯ ಔದ್ಯೋಗಿಕ ಸುರಕ್ಷತೆ ಮತ್ತು ಆರೋಗ್ಯ ಸಂಸ್ಥೆ ಅಲ್ಲಿಯವರೆಗಿನ ಅಧ್ಯಯನಗಳನ್ನೆಲ್ಲ ತೂಗಿನೋಡಿತು. ಪುನರಾವರ್ತನೆ, ಬಲ, ಕೈಯ ವಕ್ರ ಭಂಗಿ ಇವು ಒಟ್ಟುಗೂಡಿದಾಗ ರಜ್ಜು ಬೇನೆ ಬರುತ್ತದೆ ಎಂಬುದಕ್ಕೆ ಬಲವಾದ ಸಾಕ್ಷ್ಯವಿದೆ ಎಂದು ಅದು ಹೇಳಿತು. ಅಂತರರಾಷ್ಟ್ರೀಯ ಕಾರ್ಮಿಕ ಸಂಘಟನೆ 2010ರಲ್ಲಿ ಪರಿಷ್ಕರಿಸಿದ ಔದ್ಯೋಗಿಕ ರೋಗಗಳ ಪಟ್ಟಿಯಲ್ಲಿ, ಮಾಂಸಖಂಡ ಮತ್ತು ಮೂಳೆಗಳ ವಿಭಾಗದ ಮೊದಲ ಹೆಸರೇ ಹೆಬ್ಬೆರಳಿನ ಬದಿಯ ಈ ರಜ್ಜು ಬೇನೆ. ನಮ್ಮ 1948ರ ಕಾರ್ಖಾನೆ ಕಾಯ್ದೆಯ ಮೂರನೆಯ ಅನುಸೂಚಿ ಸೀಸದ ವಿಷದಿಂದ ಹಿಡಿದು ಸಿಲಿಕೋಸಿಸ್‌ವರೆಗೆ 29 ರೋಗಗಳನ್ನು ಹೆಸರಿಸಿತು. ಕೈಯ ರಜ್ಜು ಬೇನೆ ಅದರಲ್ಲಿ ಇರಲಿಲ್ಲ. ಹೊಲವಂತೂ ಕಾರ್ಖಾನೆಯೇ ಅಲ್ಲ. ಹೀಗೆ ಜಗತ್ತು ಉದ್ಯೋಗದ ರೋಗ ಎಂದು ಒಪ್ಪಿಕೊಂಡ ನೋವು, ನಮ್ಮಲ್ಲಿ ಅವಳ ಮನೆಯ ಖಾಸಗಿ ಸಂಗತಿಯಾಗಿ ಉಳಿದಿದೆ.

ಹಗ್ಗ ಯಾಕೆ ಸೋಲುತ್ತದೆ? ಮಾಂಸಖಂಡಕ್ಕೆ ಹೋಲಿಸಿದರೆ ರಜ್ಜು ಬಳಸುವ ಆಮ್ಲಜನಕ ಏಳೂವರೆ ಪಟ್ಟು ಕಡಿಮೆ. ರಕ್ತದ ಓಡಾಟವೂ ಕಡಿಮೆ. ಹಾಗಾಗಿ ಹರಿದ ಎಳೆ ಬೇಗ ಕೂಡುವುದಿಲ್ಲ. ಗಟ್ಟಿ ದುಡಿಮೆಯ ನಂತರ ರಜ್ಜುವಿನಲ್ಲಿ ಹಳೆಯ ಎಳೆ ಕರಗುವುದು, ಹೊಸ ಎಳೆ ಕಟ್ಟುವುದು ಎರಡೂ ನಡೆಯುತ್ತವೆ. ಮೊದಲ 24ರಿಂದ 36 ತಾಸು ಕರಗುವುದೇ ಹೆಚ್ಚು. ಅದಾದ ಮೇಲೆ ಕಟ್ಟುವ ಕೈ ಮೇಲಾಗುತ್ತದೆ. ಮಧ್ಯೆ ಒಂದು ದಿನ ಬಿಡುವು ಸಿಕ್ಕರೆ ಹಗ್ಗ ಮೊದಲಿಗಿಂತ ಬಲವಾಗುತ್ತದೆ. ಕ್ರಾಸಿಂಗ್ ಹಂಗಾಮಿನಲ್ಲಿ ಆ ದಿನವೇ ಸಿಗುವುದಿಲ್ಲ. ಹೂವು ಭಾನುವಾರವೆಂದು ಕಾಯುವುದಿಲ್ಲ, ಅಮಾವಾಸ್ಯೆಯೆಂದು ನಿಲ್ಲುವುದಿಲ್ಲ. ಕರಗಿದ್ದು ಕಟ್ಟುವುದರೊಳಗೆ ಮುಂದಿನ ಸಾವಿರ ಮೊಗ್ಗು ಎದುರಿಗಿರುತ್ತವೆ. ಎಪ್ಪತ್ತು ದಿನ ಹೀಗೆ ಸಾಲ ಬೆಳೆಯುತ್ತಾ ಹೋಗುತ್ತದೆ.

ಒಂದೇ ಜಿಲ್ಲೆ, ಹಲವು ಹೆಬ್ಬೆರಳು

ಹತ್ತಿಬೀಜ ಒಂದು ಉದಾಹರಣೆ ಮಾತ್ರ. ತುಂಗಭದ್ರಾ ಎಡದಂಡೆ ಕಾಲುವೆಯ ನೀರುಂಡ ಗಂಗಾವತಿ ಸೀಮೆ ಭತ್ತದ ಕಣಜ. ಅಲ್ಲಿ ಕೈನಾಟಿಗೆ ಇಳಿದವಳು ಸಸಿಯ ಬುಡವನ್ನು ಹೆಬ್ಬೆರಳು ಮತ್ತು ಎರಡು ಬೆರಳ ನಡುವೆ ಹಿಡಿದು ಕೆಸರಿಗೆ ಊರುತ್ತಾಳೆ. ಬಾಗಿದ ಮಣಿಕಟ್ಟು, ತಣ್ಣೀರು, ಎಡಬಿಡದ ಒತ್ತು ಮೂರೂ ಅಲ್ಲಿವೆ. ಕುಷ್ಟಗಿಯ ದಾಳಿಂಬೆ ತೋಟಗಳಲ್ಲಿ ಚಾಟಣಿ ಮಾಡುವವನ ಕೈಯಲ್ಲಿ ಕತ್ತರಿ ದಿನವಿಡೀ ಬಿಚ್ಚಿ ಮುಚ್ಚುತ್ತದೆ. ಕೊಪ್ಪಳಕ್ಕೆ ಅಂಟಿಕೊಂಡಿರುವ ಭಾಗ್ಯನಗರದಲ್ಲಿ ತಲೆಗೂದಲ ಉದ್ಯಮವಿದೆ. ಉದುರಿದ ಕೂದಲ ಸಿಕ್ಕನ್ನು ಎಳೆ ಎಳೆಯಾಗಿ ಬಿಡಿಸಿ, ಬಾಚಿ, ಉದ್ದದ ಪ್ರಕಾರ ಕಟ್ಟು ಕಟ್ಟುವ ಕೆಲಸವದು. ಬಲ ಕಡಿಮೆ ಅನ್ನಿಸಿದರೂ ಚಿಮಟಿ ಹಿಡಿತ ಬಿಡುವಂತಿಲ್ಲ. ಕಿನ್ನಾಳದ ಚಿತ್ರಗಾರರ ಉಳಿಗೂ, ದೋಟಿಹಾಳದಂಥ ಊರುಗಳಲ್ಲಿ ಇಳಕಲ್ ಸೀರೆ ನೇಯುವವರ ಗಂಟಿಗೂ ಇದೇ ಬೆರಳುಗಳು ಬೇಕು.

ಇವೆಲ್ಲಕ್ಕೂ ಹಿನ್ನೆಲೆಯಲ್ಲಿ ಜೋಳದ ರೊಟ್ಟಿಯಿದೆ. ಕೊಪ್ಪಳದ ಗವಿಮಠದ ಜಾತ್ರೆಯ ಮಹಾದಾಸೋಹಕ್ಕೆ ಊರೂರಿನಿಂದ ಲಕ್ಷಗಟ್ಟಲೆ ರೊಟ್ಟಿ ಹರಿದು ಬರುವುದನ್ನು ಕಂಡು ಹೆಮ್ಮೆಪಡುತ್ತೇವೆ. ಆ ಒಂದೊಂದು ರೊಟ್ಟಿಯೂ ಹಿಟ್ಟು ನಾದಿ, ಹೆಬ್ಬೆರಳು ಅಗಲಿಸಿ, ಅಂಗೈಯಿಂದ ಬಡಿದು ಆದದ್ದು. ಭಕ್ತಿಯ ಎರಡು ದಿನದ ಸೇವೆ ಕೈಯನ್ನು ಕೆಡಿಸುವುದಿಲ್ಲ. ಹಗಲು ಕ್ರಾಸಿಂಗ್, ಬೆಳಿಗ್ಗೆ ಸಂಜೆ ಮನೆಮಂದಿಗೆಲ್ಲ ರೊಟ್ಟಿ ಎಂಬ ವರುಷದ ದಿನಚರಿ ಕೆಡಿಸುತ್ತದೆ. ಮೂವತ್ತರಿಂದ ಐವತ್ತರ ನಡುವಿನ ಹೆಂಗಸರಲ್ಲಿ ಈ ಬೇನೆ ಹೆಚ್ಚು ಕಾಣುವುದಕ್ಕೆ ಶರೀರದ ಕಾರಣ ಎಷ್ಟಿದೆಯೋ ಈ ಎರಡು ಪಾಳಿಯ ದುಡಿಮೆಯ ಪಾಲನ್ನೂ ಅಷ್ಟೇ ಗಂಭೀರವಾಗಿ ಎಣಿಸಬೇಕು.

ಬಾಣಂತಿಯರ ಮಾತು ಬೇರೆಯೇ ಹೇಳಬೇಕು. ಬಸುರಿನ ಕೊನೆಯಲ್ಲಿ, ಹೆರಿಗೆಯ ಬಳಿಕ ದೇಹದ ರಸಗಳಲ್ಲಿ ಆಗುವ ಬದಲಾವಣೆಯಿಂದ ಪೊರೆ ಊದಿಕೊಳ್ಳುತ್ತದೆ. ಕೂಸಿನ ಕಂಕುಳಿಗೆ ಎರಡೂ ಹೆಬ್ಬೆರಳು ಅಗಲಿಸಿ ಎತ್ತುವುದು ಅದಕ್ಕೆ ಜತೆಯಾಗುತ್ತದೆ. ಮೊಲೆಯೂಡುವುದು ನಿಂತ ಮೇಲೆ ಬಹುಪಾಲು ಮಂದಿಗೆ ತಾನಾಗಿ ಕಡಿಮೆಯಾಗುತ್ತದೆ. ಅಂಥವಳನ್ನು ಮೂರು ತಿಂಗಳಿಗೇ ಬೀಜದ ಹೊಲಕ್ಕೆ ಕಳಿಸಿದರೆ ತಾನಾಗಿ ಹೋಗಬೇಕಿದ್ದ ನೋವು ಬೇರೂರುತ್ತದೆ.

ಮುಂದಿನ ದಿನಗಳನ್ನೂ ನೋಡಿ. ಭಾನಾಪುರದ ಬಳಿ ಸುಮಾರು 400 ಎಕರೆಯ ಆಟಿಕೆ ಕ್ಲಸ್ಟರ್‌ಗೆ 2021ರ ಜನವರಿಯಲ್ಲಿ ಅಡಿಗಲ್ಲು ಬಿತ್ತು. ಸಾವಿರಾರು ಮಂದಿಗೆ, ಅದರಲ್ಲೂ ಹೆಣ್ಣುಮಕ್ಕಳಿಗೆ ಕೆಲಸದ ಭರವಸೆ ಅದರ ಜತೆಗಿದೆ. ಕೆಲಸ ಬರಲಿ, ಬರಲೇಬೇಕು. ಸಣ್ಣ ಬಿಡಿಭಾಗಗಳನ್ನು ಒತ್ತಿ ಜೋಡಿಸುವ ಕೆಲಸದಲ್ಲಿ ಹೆಬ್ಬೆರಳು ಸೋಲುತ್ತದೆ ಎಂಬುದು ಜಗತ್ತಿನ ಜೋಡಣಾ ಸಾಲುಗಳು ಕಲಿಸಿದ ಹಳೆಯ ಪಾಠ. ಕೈಗಳನ್ನು ಕಳೆದುಕೊಂಡ ಮೇಲೆ ಅದನ್ನು ಇಲ್ಲಿ ಹೊಸದಾಗಿ ಕಲಿಯಬೇಕಾಗಿಲ್ಲ.

ಹಗ್ಗ ಹರಿಯುವಾಗ

ಡಿ ಕರ್ವೇನ್ ಬೇನೆಯಿಂದಲೇ ರಜ್ಜು ಹರಿಯುವುದು ಅಪರೂಪ. ಅಪಾಯ ಇರುವುದು ಅದರ ಪಕ್ಕದ ಹಗ್ಗಕ್ಕೆ. ಹೆಬ್ಬೆರಳಿನ ತುದಿಗೆಣ್ಣನ್ನು ಮೇಲೆತ್ತುವ ಉದ್ದನೆಯ ರಜ್ಜು ಮೂರನೆಯ ಸುರಂಗದಲ್ಲಿ ಒಂಟಿಯಾಗಿ ಸಾಗುತ್ತದೆ. ಮಣಿಕಟ್ಟಿನ ಹಿಂದಿನ ಒಂದು ಎಲುಬಿನ ಗುಬ್ಬಿಯನ್ನು ಬಳಸಿ ಓರೆಯಾಗಿ ತಿರುಗುತ್ತದೆ. ಬಾವಿಯ ಕಟ್ಟೆಗೆ ಉಜ್ಜುವ ಹಗ್ಗ ಸವೆಯುವ ಜಾಗವೇ ಇದು. ರಕ್ತವೂ ಅಲ್ಲಿಗೆ ಕಡಿಮೆ ತಲುಪುತ್ತದೆ. ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಪ್ರಷ್ಯನ್ ಸೇನೆಯ ನಗಾರಿ ಬಾರಿಸುವವರಲ್ಲಿ ಹೆಬ್ಬೆರಳು ಇದ್ದಕ್ಕಿದ್ದಂತೆ ಜೋತು ಬೀಳುತ್ತಿತ್ತು. ಅದನ್ನು ಲಕ್ವ ಎಂದು ಭಾವಿಸಿ ‘ನಗಾರಿಯವರ ಪಾರ್ಶ್ವವಾಯು’ ಎಂದೇ ಕರೆದರು. ನಿಜದಲ್ಲಿ ಹರಿದಿದ್ದದ್ದು ಈ ರಜ್ಜು. ಎಡಬಿಡದ ತಿಕ್ಕಾಟ ಒಂದು ಹಗ್ಗವನ್ನು ತುಂಡರಿಸಬಲ್ಲದು ಎಂಬುದಕ್ಕೆ ಆ ಸೈನಿಕರ ಕೈಗಳೇ ದಾಖಲೆ.

ಇಂದು ಈ ರಜ್ಜು ಹರಿಯುವುದಕ್ಕೆ ಬಹು ಸಾಮಾನ್ಯ ಕಾರಣ ಬಿದ್ದು ಮಣಿಕಟ್ಟಿನ ಮೂಳೆ ಬಿರುಕು ಬಿಡುವುದು. ವಿಚಿತ್ರವೆಂದರೆ ಮೂಳೆ ಜರುಗದೆ ಬರೀ ಬಿರುಕು ಬಿಟ್ಟಾಗಲೇ ಈ ಅಪಾಯ ಹೆಚ್ಚು, ನೂರರಲ್ಲಿ ಐವರ ತನಕ ಎನ್ನುತ್ತವೆ ಅಧ್ಯಯನಗಳು. ಪೊರೆ ಹರಿಯದೆ ಉಳಿದು, ಒಳಗೆ ರಕ್ತ ತುಂಬಿ, ಹಗ್ಗ ಉಸಿರುಗಟ್ಟುತ್ತದೆ. ಕೆಸರುಗದ್ದೆಯ ಬದುವಿನಲ್ಲಿ ಜಾರಿ ಕೈಯೂರಿ ಬಿದ್ದವರು ‘ಉಳುಕು’ ಎಂದು ತಿಕ್ಕಿಸಿಕೊಂಡು ಮತ್ತೆ ನಾಟಿಗೆ ಇಳಿಯುತ್ತಾರೆ. ಮೂರು ವಾರದಿಂದ ಮೂರು ತಿಂಗಳ ನಡುವೆ ಒಂದು ದಿನ, ನೋವೂ ಇಲ್ಲದೆ, ಹೆಬ್ಬೆರಳ ತುದಿ ಕೆಳಗೆ ಬೀಳುತ್ತದೆ.

ಎರಡನೆಯ ಕಾರಣ ಔಷಧಿ. ಸ್ಟೀರಾಯ್ಡ್ ಸೂಜಿಯನ್ನು ರಜ್ಜುವಿನ ಒಳಗೇ ಚುಚ್ಚಿದರೆ, ಅಥವಾ ಮೇಲಿಂದ ಮೇಲೆ ಹಾಕಿಸಿಕೊಂಡರೆ ಹಗ್ಗ ಬಲ ಕಳೆದುಕೊಳ್ಳುತ್ತದೆ. ಸಿಪ್ರೊಫ್ಲಾಕ್ಸಾಸಿನ್, ಲಿವೊಫ್ಲಾಕ್ಸಾಸಿನ್ ಗುಂಪಿನ ಪ್ರತಿಜೀವಕಗಳ ಮೇಲೆ, ರಜ್ಜು ಬೇನೆ ಮತ್ತು ಹರಿತದ ಅಪಾಯವಿದೆ ಎಂದು ಚೌಕಟ್ಟಿನೊಳಗೆ ದಪ್ಪಕ್ಷರದ ಎಚ್ಚರಿಕೆ ಮುದ್ರಿಸಬೇಕೆಂದು ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ 2008ರಲ್ಲಿ ಆದೇಶಿಸಿತು. ಹೆಚ್ಚಾಗಿ ಹರಿಯುವುದು ಹಿಮ್ಮಡಿಯ ರಜ್ಜು, ಆದರೆ ಕೈಯದೂ ಹೊರತಲ್ಲ. ಅರವತ್ತು ದಾಟಿದವರಿಗೆ, ಜತೆಗೆ ಸ್ಟೀರಾಯ್ಡ್ ಗುಳಿಗೆ ತಿನ್ನುವವರಿಗೆ ಅಪಾಯ ಇನ್ನೂ ಹೆಚ್ಚು. ಭೇದಿಗೆ, ಜ್ವರಕ್ಕೆ, ಉರಿಮೂತ್ರಕ್ಕೆ ಈ ಗುಳಿಗೆಗಳನ್ನು ಚೀಟಿಯಿಲ್ಲದೆ ಕೊಳ್ಳುವವರಿಗೆ ಈ ಮಾತನ್ನು ಯಾರಾದರೂ ಹೇಳಬೇಕು.

ಮೂರನೆಯದು ರೋಗಗಳು. ಸಂಧಿವಾತದಲ್ಲಿ ಊದಿದ ಪೊರೆ ರಜ್ಜುವನ್ನೇ ಕೊರೆದು ತಿನ್ನುತ್ತದೆ. 2006ರಲ್ಲಿ ಕರ್ನಾಟಕದಲ್ಲಿ ಏಳೂವರೆ ಲಕ್ಷಕ್ಕೂ ಹೆಚ್ಚು ಶಂಕಿತರನ್ನು ಕಾಡಿದ ಚಿಕೂನ್‌ಗುನ್ಯಾ ಮಣಿಕಟ್ಟಿನ ರಜ್ಜು ಪೊರೆಯನ್ನೂ ಊದಿಸುತ್ತದೆ, ಕೆಲವರಲ್ಲಿ ತಿಂಗಳುಗಟ್ಟಲೆ ಬಿಡುವುದಿಲ್ಲ. ಸಕ್ಕರೆ ಕಾಯಿಲೆಯವರ ರಜ್ಜು ಬೇಗ ಬಿರುಸಾಗುತ್ತದೆ, ಬೆರಳು ಮಡಚಿದಲ್ಲೇ ಕಚ್ಚಿ ನಿಲ್ಲುತ್ತದೆ. ಕೊಪ್ಪಳ ಜಿಲ್ಲೆಯ ಕೊಳವೆಬಾವಿಗಳ ನೀರಿನಲ್ಲಿ ಫ್ಲೋರೈಡ್ ಹೆಚ್ಚಿರುವುದು ಹಳೆಯ ಸಂಗತಿ. ಫ್ಲೋರೋಸಿಸ್ ಆದವರಲ್ಲಿ ರಜ್ಜು ಮೂಳೆಗೆ ಅಂಟುವ ಜಾಗಗಳೇ ಸುಣ್ಣಗಟ್ಟುತ್ತವೆ. ಆದ್ದರಿಂದ ಇಲ್ಲಿಯ ಒಂದು ಕೈನೋವಿನ ಹಿಂದೆ ಎರಡು ಮೂರು ಕಾರಣ ಕೂಡಿರಬಹುದು. ವೈದ್ಯರ ಕಣ್ಣು ಬೇಕಾಗುವುದು ಇದಕ್ಕೇ.

ಹರಿದಿದೆಯೋ ಇಲ್ಲವೋ ತಿಳಿಯಲು ಮನೆಯಲ್ಲೇ ಒಂದು ಪರೀಕ್ಷೆ ಮಾಡಬಹುದು. ಅಂಗೈಯನ್ನು ಮೇಜಿನ ಮೇಲೋ ನೆಲದ ಮೇಲೋ ಚಪ್ಪಟೆಯಾಗಿ ಊರಿ. ಉಳಿದ ಬೆರಳು ಅಲುಗಿಸದೆ ಹೆಬ್ಬೆರಳನ್ನಷ್ಟೇ ಮೇಲೆತ್ತಿ. ಏಳದಿದ್ದರೆ, ಅಥವಾ ತುದಿಗೆಣ್ಣು ಜೋತುಬಿದ್ದರೆ ಅಂದೇ ಆಸ್ಪತ್ರೆಗೆ ಹೋಗಬೇಕು. ಸವೆದು ಹರಿದ ತುದಿಗಳನ್ನು ನೇರವಾಗಿ ಹೊಲಿಯಲು ಸಾಮಾನ್ಯವಾಗಿ ಆಗುವುದಿಲ್ಲ. ತೋರುಬೆರಳಿಗೆ ಇರುವ ಎರಡು ರಜ್ಜುಗಳಲ್ಲಿ ಒಂದನ್ನು ತಂದು ಹೆಬ್ಬೆರಳಿಗೆ ಜೋಡಿಸುತ್ತಾರೆ. ಫಲಿತಾಂಶ ಚೆನ್ನಾಗಿಯೇ ಇರುತ್ತದೆ. ಆದರೆ ವಾರಗಟ್ಟಲೆ ಪಟ್ಟಿ, ಆಮೇಲೆ ವ್ಯಾಯಾಮ, ಭಾರದ ಕೆಲಸಕ್ಕೆ ಮರಳಲು ಸುಮಾರು ಮೂರು ತಿಂಗಳು. ಕೂಲಿಯ ಕೈಗೆ ಅದು ಒಂದು ಇಡೀ ಹಂಗಾಮು.

ಸರಿಯಾದ ಆರೈಕೆ

ಹೆಬ್ಬೆರಳಿನ ಬೇನೆ ಬೇಗ ಹಿಡಿದರೆ ಬಹುಪಾಲು ಗುಣವಾಗುವಂಥದ್ದು. ಮೊದಲ ಹೆಜ್ಜೆ ಆ ಚಲನೆಯನ್ನು ನಿಲ್ಲಿಸುವುದು, ಹೆಬ್ಬೆರಳು ಮತ್ತು ಮಣಿಕಟ್ಟು ಎರಡನ್ನೂ ಹಿಡಿದಿಡುವ ಪಟ್ಟಿ ಕಟ್ಟುವುದು. ಮಣಿಕಟ್ಟಿಗೆ ಮಾತ್ರ ಸುತ್ತುವ ಸಾದಾ ಬೆಲ್ಟು ಇಲ್ಲಿ ಸಾಲದು. ಕಡಿಮೆಯಾಗದಿದ್ದರೆ ಸುರಂಗದೊಳಗೆ ಸ್ಟೀರಾಯ್ಡ್ ಸೂಜಿ. 2003ರಲ್ಲಿ ಹಲವು ಅಧ್ಯಯನಗಳನ್ನು ಒಟ್ಟುಗೂಡಿಸಿ ನೋಡಿದ ಸಮೀಕ್ಷೆಯಲ್ಲಿ ಬರೀ ಸೂಜಿಯಿಂದಲೇ ನೂರರಲ್ಲಿ 83 ಮಂದಿ ಗುಣ ಕಂಡಿದ್ದರು, ಬರೀ ಪಟ್ಟಿಯಿಂದ 14 ಮಂದಿ. ಹಾಗಾದರೆ ಸೂಜಿಯನ್ನೇಕೆ ದೂರಿದ್ದು ಎಂದು ಕೇಳಬಹುದು. ಜಾಗ ಬಲ್ಲ ವೈದ್ಯರು ಪೊರೆಯೊಳಗೆ ಹಾಕುವ ಒಂದು ಸೂಜಿ ಔಷಧಿ. ನೋವಿರುವ ಕಡೆಯೆಲ್ಲ ಯಾರೋ ಹಂಗಾಮಿಗೆ ಮೂರು ನಾಲ್ಕು ಸಲ ಚುಚ್ಚಿ ಮರುದಿನವೇ ಹೊಲಕ್ಕೆ ಕಳಿಸುವ ಸೂಜಿ ಅಪಾಯ. ಸಕ್ಕರೆ ಕಾಯಿಲೆ ಇದ್ದರೆ ಸೂಜಿಯ ಬಳಿಕ ಕೆಲ ದಿನ ಸಕ್ಕರೆ ಏರುತ್ತದೆ, ಅದನ್ನೂ ವೈದ್ಯರಿಗೆ ಮೊದಲೇ ಹೇಳಬೇಕು.

ಸೂಜಿಗೂ ಬಗ್ಗದಿದ್ದರೆ ಸುರಂಗದ ಮೇಲ್ಛಾವಣಿಯನ್ನು ಸೀಳಿ ಹಗ್ಗಕ್ಕೆ ಜಾಗ ಮಾಡುವ ಸಣ್ಣ ಶಸ್ತ್ರಚಿಕಿತ್ಸೆಯಿದೆ. ಕೆಲವರಲ್ಲಿ ಸುರಂಗದೊಳಗೆ ಇನ್ನೊಂದು ಅಡ್ಡಗೋಡೆ ಇರುತ್ತದೆ. ಅದನ್ನು ಬಿಡಿಸದಿದ್ದರೆ ನೋವು ಉಳಿಯುತ್ತದೆ. ಪಕ್ಕದಲ್ಲೇ ಸ್ಪರ್ಶದ ನರ ಹಾಯುವುದರಿಂದ ಅನುಭವಿ ಕೈಯೇ ಬೇಕು. ಕೊಪ್ಪಳದಲ್ಲಿ 2015ರಿಂದ ಸರ್ಕಾರಿ ವೈದ್ಯಕೀಯ ಕಾಲೇಜಿದೆ. ಮೂಳೆ ವೈದ್ಯರನ್ನು ಹುಡುಕಿ ಹುಬ್ಬಳ್ಳಿಗೇ ಹೋಗಬೇಕೆಂಬ ಕಾಲ ಇದಲ್ಲ.

ಎಣ್ಣೆ ಹಚ್ಚಿ ಗಟ್ಟಿಯಾಗಿ ತಿಕ್ಕುವುದು, ಬೆರಳು ಜಗ್ಗಿ ‘ಲಟಕ್’ ಅನ್ನಿಸುವುದು, ಬಿಸಿ ಕಬ್ಬಿಣದಿಂದ ಬರೆ ಹಾಕುವುದು ಇವು ಯಾವುವೂ ದಪ್ಪಗಟ್ಟಿದ ಪೊರೆಗೆ ಮದ್ದಲ್ಲ. ಬಿದ್ದ ಬಳಿಕ ಹೆಬ್ಬೆರಳಿನ ಬುಡದ ಗುಳಿಯಲ್ಲಿ ನೋವಿದ್ದರೆ ಮೊದಲು ಎಕ್ಸ್-ರೇ ಆಗಬೇಕು, ಆಮೇಲೆ ಉಳಿದದ್ದು. ರಾತ್ರಿ ಬೆರಳು ಜುಮುಗುಟ್ಟಿ ಎಚ್ಚರವಾದರೆ ಅದು ನಿಜಕ್ಕೂ ನರದ ತೊಂದರೆ. ಅದಕ್ಕೆ ಚಿಕಿತ್ಸೆಯೇ ಬೇರೆ.

ಹೊಣೆ ಯಾರದು

ಕೈ ನೋಯುವವಳಿಗೆ ‘ವಿಶ್ರಾಂತಿ ತಗೊಳವ್ವಾ’ ಎಂದು ಹೇಳಿ ಮುಗಿಸುವುದು ನ್ಯಾಯವಲ್ಲ. ವಿಶ್ರಾಂತಿ ಎಂದರೆ ಅವಳ ಪಗಾರ ಹೋಗುವುದು. ಬೀಜದ ಕಂಪನಿ, ಆರ್ಗನೈಸರ್, ಪ್ಲಾಟಿನ ರೈತ ಈ ಮೂವರೂ ಕೂಡಿ ಬಿಡುವನ್ನು ಕೆಲಸದೊಳಗೇ ಸೇರಿಸಬೇಕು. ಒಬ್ಬಳೇ ಹಂಗಾಮು ಪೂರ್ತಿ ಮೊಗ್ಗು ಸೀಳದೆ, ಒಂದು ದಿನ ಸೀಳುವುದು, ಮರುದಿನ ಪರಾಗ ಮುಟ್ಟಿಸುವುದು, ಗುರುತಿನ ದಾರ ಕಟ್ಟುವುದು ಎಂದು ಸರದಿ ಹಾಕಿದರೆ ಹಗ್ಗಕ್ಕೆ ಆ 36 ತಾಸು ಸಿಗುತ್ತದೆ. ತಾಸಿಗೊಮ್ಮೆ ಐದು ನಿಮಿಷ ಕೈ ಇಳಿಬಿಡಲು ಅವಕಾಶ ಕೊಟ್ಟರೆ ಯಾರೂ ಬಡವರಾಗುವುದಿಲ್ಲ. ಟೊಮೆಟೊ, ಬದನೆಗೆ ಬಳಸುವ ಚಿಮಟ ಮೆತ್ತಗಿರಬೇಕು, ಹಿಡಿ ದಪ್ಪವಿರಬೇಕು.

ದೊಡ್ಡ ಪರಿಹಾರ ಸಸ್ಯವಿಜ್ಞಾನದಲ್ಲೇ ಇದೆ. ಕೇಸರದಲ್ಲಿ ಪರಾಗವೇ ಹುಟ್ಟದ ತಾಯಿ ತಳಿಗಳನ್ನು ಬಳಸಿದರೆ ಮೊಗ್ಗು ಸೀಳುವ ಕೆಲಸವೇ ಇಲ್ಲ. ಮೆಣಸಿನಕಾಯಿಯಲ್ಲಿ ಈ ಪದ್ಧತಿ ವ್ಯಾಪಕವಾಗಿ ನಡೆದಿದೆ, ಹತ್ತಿಯಲ್ಲೂ ಇಂಥ ತಳಿಗಳಿವೆ. ವರಲಕ್ಷ್ಮಿಯನ್ನು ಕೊಟ್ಟ ಧಾರವಾಡದ ನೆಲದಿಂದಲೇ ಹೆಬ್ಬೆರಳಿಗೆ ಬಿಡುಗಡೆ ಕೊಡುವ ತಳಿಯನ್ನೂ ನಿರೀಕ್ಷಿಸುವ ಹಕ್ಕು ಈ ಹೆಣ್ಣುಮಕ್ಕಳಿಗಿದೆ.

ಸಂಕರಣ ಹತ್ತಿಯ ಹೊಲಗಳಲ್ಲಿ ಸಣ್ಣ ಬೆರಳು ಚುರುಕೆಂದು ಬಾಲೆಯರನ್ನು ದುಡಿಸಿದ ಚರಿತ್ರೆ ನಮ್ಮ ರಾಜ್ಯಕ್ಕೂ ಆಂಧ್ರಕ್ಕೂ ಇದೆ. ಬಾಲಕಾರ್ಮಿಕ ಕಾಯ್ದೆಯ 2016ರ ತಿದ್ದುಪಡಿಯ ನಂತರ ಹದಿನಾಲ್ಕರೊಳಗಿನ ಮಕ್ಕಳನ್ನು ಯಾವ ಕೂಲಿಗೂ ಹಚ್ಚುವಂತಿಲ್ಲ. ಮನೆಯ ಹೊಲ ಎಂಬ ನೆವ ಹೇಳಿ ಶಾಲೆ ತಪ್ಪಿಸುವುದಕ್ಕೂ ಕಾಯ್ದೆ ಒಪ್ಪುವುದಿಲ್ಲ. ಬೆಳೆಯುವ ಕೈಯ ಮೇಲೆ ಈ ಭಾರ ಹೊರಿಸುವುದು ಪಾಪ.

ಪ್ರಾಥಮಿಕ ಆರೋಗ್ಯ ಕೇಂದ್ರಗಳು ಹಂಗಾಮಿನಲ್ಲಿ ಕೈನೋವನ್ನು ಬೇರೆಯಾಗಿ ಬರೆದಿಡಲಿ: ಯಾವ ಕೆಲಸ, ಎಷ್ಟು ದಿನದಿಂದ, ಯಾವ ಬೆರಳು. ಆಶಾ ಕಾರ್ಯಕರ್ತೆಯರಿಗೆ ಮುಷ್ಟಿಯ ಪರೀಕ್ಷೆ, ಅಂಗೈ ಊರುವ ಪರೀಕ್ಷೆ ಎರಡನ್ನು ಕಲಿಸಲು ಒಂದು ಮಧ್ಯಾಹ್ನ ಸಾಕು. ಬಾಣಂತಿಯ ಮನೆಗೆ ಹೋದಾಗ ಅವರು ಕೂಸಿನ ತೂಕದ ಜತೆ ತಾಯಿಯ ಮಣಿಕಟ್ಟನ್ನೂ ಕೇಳಲಿ. ಬರೆದಿಟ್ಟ ಎಣಿಕೆ ಇದ್ದರೆ ಮಾತ್ರ ಈ ಬೇನೆಯನ್ನು ಉದ್ಯೋಗದ ರೋಗಗಳ ಪಟ್ಟಿಗೆ ಸೇರಿಸಿ, ಪರಿಹಾರ ಕೊಡಿ ಎಂದು ಸರ್ಕಾರವನ್ನು ಕೇಳಲು ಬರುತ್ತದೆ.

ಇಂದು ಸಂಜೆ ಹೊಲದಿಂದ ಬಂದ ತಾಯಿಯನ್ನೋ, ಹೆಂಡತಿಯನ್ನೋ, ಅಕ್ಕನನ್ನೋ ಒಂದು ನಿಮಿಷ ಕೂರಿಸಿ. ಅಂಗೈ ಊರಿ ಹೆಬ್ಬೆರಳು ಎತ್ತಲು ಹೇಳಿ. ಮಣಿಕಟ್ಟಿನ ಗುಬ್ಬಿಯನ್ನು ಮೆಲ್ಲಗೆ ಮುಟ್ಟಿ ನೋಡಿ. ನೋವಿದ್ದರೆ ನಾಳೆಯ ರೊಟ್ಟಿ ನೀವು ಬಡಿಯಿರಿ, ನೀರಿನ ಕೊಡ ನೀವು ಎತ್ತಿರಿ. ಮೂರು ವಾರ ದಾಟಿದ ನೋವನ್ನು ಅಂಗಡಿಯ ಗುಳಿಗೆಗೆ ಬಿಡದೆ ಆಸ್ಪತ್ರೆಗೆ ಕರೆದೊಯ್ಯಿರಿ. ಹರಿಯುವ ಮೊದಲು ಈ ಹಗ್ಗವನ್ನು ಉಳಿಸಲು ಬೇಕಾದದ್ದು ಒಂದು ಪಟ್ಟಿ, ಕೆಲವು ವಾರದ ಬಿಡುವು. ಹರಿದ ಮೇಲೆ ಇನ್ನೊಂದು ಬೆರಳಿನಿಂದ ಸಾಲ ತರಬೇಕಾಗುತ್ತದೆ.